ವೈದ್ಯ ಹೈಂಗ್ ಙೋರ್ ನಟನಾಗಿ, ಹೋರಾಟಗಾರನಾದದ್ದು ಹೇಗೆ?

ತೆರೆಯ ಮೇಲೆ ತೋರಿಸಬೇಕಿದ್ದ ನರಕವನ್ನು ಅವರು ಬದುಕಿ ಬಂದಿದ್ದರು. ನಟನಾ ತರಬೇತಿ ಇಲ್ಲದಿದ್ದರೂ ಗೆದ್ದದ್ದು ಅದರಿಂದಲೇ.

ಕಾಂಬೋಡಿಯಾದ ಸಮ್ರಾಂಗ್ ಯಾಂಗ್ ಹಳ್ಳಿಯಲ್ಲಿ ಹುಟ್ಟಿದ ಹೈಂಗ್ ಙೋರ್ ರಾಜಧಾನಿ ನಾಮ್ ಪೆನ್‌ನಲ್ಲಿ ಹೆರಿಗೆ ವೈದ್ಯರಾಗಿದ್ದರು. 1975ರಲ್ಲಿ ಅಧಿಕಾರ ಹಿಡಿದ ಖ್ಮೇರ್ ರೂಜ್, ಅಂದರೆ ಪೋಲ್ ಪಾಟ್‌ನ ಕಮ್ಯುನಿಸ್ಟ್ ಪಡೆ, ಓದಿದವರನ್ನು ಹುಡುಕಿ ಕೊಲ್ಲುತ್ತಿತ್ತು. ಹಾಗಾಗಿ ಟ್ಯಾಕ್ಸಿ ಚಾಲಕನೆಂದು ಹೇಳಿಕೊಂಡರು. ಹೆಂಡತಿ ಹೆರಿಗೆಯಲ್ಲಿ ಸಾಯುತ್ತಿದ್ದಾಗಲೂ ಸಿಸೇರಿಯನ್ ಮಾಡಲಾಗಲಿಲ್ಲ: ವೈದ್ಯನೆಂದು ಗೊತ್ತಾದರೆ ಇಬ್ಬರಿಗೂ ಸಾವು. ಆ ಕ್ರೌರ್ಯ ಎಂಥದೆಂದು ತಿಳಿಯಲು ಇದೊಂದೇ ಸಾಕು.

1980ರಲ್ಲಿ ನಿರಾಶ್ರಿತರಾಗಿ ಅಮೆರಿಕ ಸೇರಿದರು. ಖ್ಮೇರ್ ರೂಜ್ ಕ್ರೌರ್ಯವನ್ನೇ ತೋರಿಸುವ ‘ದಿ ಕಿಲ್ಲಿಂಗ್ ಫೀಲ್ಡ್ಸ್’ ಚಿತ್ರಕ್ಕೆ ಕಲಾವಿದರನ್ನು ಹುಡುಕುತ್ತಿದ್ದವರ ಕಣ್ಣಿಗೆ ಬಿದ್ದದ್ದು ಒಂದು ಮದುವೆಯಲ್ಲಿ. 1985ರಲ್ಲಿ ಅತ್ಯುತ್ತಮ ಪೋಷಕ ನಟ ಆಸ್ಕರ್ ಬಂತು. ಆ ಹೆಸರಿನಿಂದಲೇ ಅವರ ಮಾತಿಗೆ ಜಗತ್ತು ಕಿವಿಗೊಟ್ಟಿತು. ನಿರಾಶ್ರಿತರ ಪರ ದನಿಯೆತ್ತಿದರು, ತಾಯ್ನಾಡಿನಲ್ಲಿ ಶಾಲೆ ಕಟ್ಟಿಸಿದರು.