ತರಕಾರಿ ತರೋಕೆ ಹೋದರೂ ಲೊಕೇಶನ್ ಕಳಿಸಬೇಕಾ?

ಪ್ರಶ್ನೆ: ಅಕ್ಕಾ, ನಮ್ಮ ಮನೆಯವರು ಹೊಡೆಯುವುದಿಲ್ಲ, ಕುಡಿಯುವುದಿಲ್ಲ. ಆದರೆ ನಾನು ತರಕಾರಿಗೆ ಅಂತರಸನಹಳ್ಳಿ ಮಾರ್ಕೆಟ್‌ಗೆ ಹೊರಟರೆ ವಾಟ್ಸ್‌ಆ್ಯಪ್‌ನಲ್ಲಿ ಲೈವ್ ಲೊಕೇಶನ್ ಹಾಕಲೇಬೇಕು. ಬಸ್ ಇಳಿಯುತ್ತಿದ್ದ ಹಾಗೇ ವಿಡಿಯೋ ಕಾಲ್ ಬರುತ್ತದೆ. ಹಿಂದೆ ನಿಂತಿರೋದು ಯಾರು, ಫೋನ್ ತಿರುಗಿಸು ಅಂತಾರೆ. ಎಲ್ಲದಕ್ಕೂ ಚೀಟಿ ಕೇಳುತ್ತಾರೆ, ಸೊಪ್ಪು ಮಾರುವ ಅಜ್ಜಿ ಎಲ್ಲಿ ಚೀಟಿ ಕೊಡುತ್ತಾರೆ ಹೇಳಿ? ಆದರೂ ಹತ್ತು ರೂಪಾಯಿ ಲೆಕ್ಕ ತಪ್ಪಿದರೆ ರಾತ್ರಿ ಊಟ ಬಿಟ್ಟು ಮಲಗುತ್ತಾರೆ. ಗೃಹಲಕ್ಷ್ಮಿ ಹಣ ಬರುವ ನನ್ನ ಎಟಿಎಂ ಕಾರ್ಡೂ ಅವರ ಹತ್ತಿರವೇ ಇದೆ. ಅಮ್ಮನಿಗೆ ಹೇಳಿದರೆ ‘ಇಷ್ಟು ಕಾಳಜಿ ಮಾಡೋ ಗಂಡ ಯಾರಿಗೆ ಸಿಗ್ತಾನೆ’ ಅಂತಾರೆ. ನಾನೇ ಜಾಸ್ತಿ ಯೋಚನೆ ಮಾಡ್ತಿದ್ದೀನಾ?
– ಹೆಸರು ಬೇಡ, ತುಮಕೂರು

ಉತ್ತರ: ಇಲ್ಲ ತಂಗಿ. ಕಾಳಜಿ ಇದ್ದವರು ಬಿಸಿಲು ಜಾಸ್ತಿ ಇದೆ, ಚೀಲ ಭಾರ ಆಯ್ತಾ, ನಾನು ಬರಲಾ ಅಂತ ಕೇಳುತ್ತಾರೆ. ಫೋನ್ ತಿರುಗಿಸಿ ತೋರಿಸು ಅನ್ನುವುದು ಅನುಮಾನ. ಕೊತ್ತಂಬರಿ ಕಟ್ಟಿಗೆ ಚೌಕಾಸಿ ಮಾಡುವಾಗಲೂ ಯಾವಾಗ ಕಾಲ್ ಬರುತ್ತೋ, ಎತ್ತುವುದು ತಡವಾದರೆ ಮನೆಯಲ್ಲಿ ಏನಾಗುತ್ತೋ ಅಂತ ನಿಮ್ಮ ಜೀವ ಹೊಡೆದುಕೊಳ್ಳುತ್ತದಲ್ವಾ, ಅಂಥ ಭಯದಲ್ಲಿ ಯಾರೂ ಸಂಸಾರ ಮಾಡಬಾರದು.

ಹೊಡೆದಿಲ್ಲ ಅಂದ ಮಾತ್ರಕ್ಕೆ ಸಹಿಸಿಕೊಳ್ಳಬೇಕಿಲ್ಲ. 2005ರ ಕೌಟುಂಬಿಕ ದೌರ್ಜನ್ಯ ತಡೆ ಕಾಯ್ದೆಯಲ್ಲಿ ಮಾತಿನ ಹಿಂಸೆ, ಮಾನಸಿಕ ಹಿಂಸೆ, ಹೆಂಡತಿಯ ಹಣ ಅವಳ ಕೈಗೆ ಸಿಗದಂತೆ ಮಾಡುವುದು ಎಲ್ಲವೂ ಸೇರಿವೆ. ಗೃಹಲಕ್ಷ್ಮಿಯ 2000 ರೂಪಾಯಿ ಯಜಮಾನಿಯ ಖಾತೆಗೇ ಬರುವುದು ಸುಮ್ನೆ ಅಲ್ಲ. ಅದು ನಿಮ್ಮ ದುಡ್ಡು.

ಆದರೆ ಇವತ್ತೇ ಲೊಕೇಶನ್ ಆಫ್ ಮಾಡಿ ಜಗಳಕ್ಕೆ ನಿಲ್ಲಬೇಡಿ. ಹಿಡಿತ ತಪ್ಪುತ್ತಿದೆ ಅನ್ನಿಸಿದಾಗ ಇಂಥವರು ಇನ್ನೂ ಬಿಗಿ ಮಾಡುವುದುಂಟು. ಮೊದಲು ಅಕ್ಕಪಕ್ಕದಲ್ಲಿ ನಂಬುವ ಒಬ್ಬರಿಗೆ ಎಲ್ಲ ಹೇಳಿಟ್ಟಿರಿ. ವಾಟ್ಸ್‌ಆ್ಯಪ್‌ನ ‘ಲಿಂಕ್ಡ್ ಡಿವೈಸಸ್’ ತೆರೆದು ನೋಡಿ, ನಿಮಗೆ ಗೊತ್ತಿಲ್ಲದ ಕಂಪ್ಯೂಟರ್ ಅಥವಾ ಫೋನ್ ಅಲ್ಲಿದ್ದರೆ ನಿಮ್ಮ ಮೆಸೇಜನ್ನೂ ಗಂಡ ಓದುತ್ತಿರಬಹುದು. ತಕ್ಷಣ ತೆಗೆದರೆ ಗೊತ್ತಾಗುತ್ತದೆ, ಹಾಗಾಗಿ ಸದ್ಯಕ್ಕೆ ಆ ಫೋನಿನಲ್ಲಿ ಈ ವಿಷಯ ಬರೆಯಬೇಡಿ. ಮಹಿಳಾ ಸಹಾಯವಾಣಿ 181ಕ್ಕೆ ಪಕ್ಕದ ಮನೆಯವರ ಫೋನಿನಿಂದ ಮಾತಾಡಿ. ನಿಮ್ಮ ತಾಲ್ಲೂಕಿನ ಸಿಡಿಪಿಒ (ಶಿಶು ಅಭಿವೃದ್ಧಿ ಯೋಜನಾಧಿಕಾರಿ) ಕೌಟುಂಬಿಕ ದೌರ್ಜನ್ಯ ತಡೆ ಕಾಯ್ದೆಯ ಸಂರಕ್ಷಣಾಧಿಕಾರಿಯೂ ಹೌದು, ಅವರ ಕಚೇರಿ ಎಲ್ಲಿ ಅಂತ ಅಂಗನವಾಡಿ ಟೀಚರ್ ಹೇಳುತ್ತಾರೆ. ವಕೀಲರು ಬೇಕಾದರೆ ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರವಿದೆ, ಹೆಂಗಸರಿಗೆ ಆದಾಯ ಎಷ್ಟೇ ಇರಲಿ ಅಲ್ಲಿ ಉಚಿತ.

ಅಮ್ಮನ ಮಾತಿಗೆ ಬೇಜಾರಾಗಬೇಡಿ. ಕಾರ್ಡಿನ ವಿಷಯ, ವಿಡಿಯೋ ಕಾಲಿನ ವಿಷಯ ಅವರೆದುರು ಕೂತು ಬಿಡಿಸಿ ಹೇಳಿ, ‘ಕಾಳಜಿ ಜಾಸ್ತಿ’ ಅಂತಷ್ಟೇ ಹೇಳಿ ಮುಗಿಸಬೇಡಿ. ಗಂಡ ಕೈ ಎತ್ತಿದರೆ, ಹೆದರಿಸಿದರೆ ಮಾತ್ರ ಯಾರನ್ನೂ ಕೇಳುತ್ತಾ ಕೂರದೆ 112ಕ್ಕೆ ಫೋನ್ ಮಾಡಿ.