ಗಿಡದ ಲೆಕ್ಕ ಬಿಡಿ, ಯಾವುದಕ್ಕೆ ದುಡ್ಡು ಕೊಡುತ್ತಾರೆ ಅಂತ ಕೇಳಿ

ನಿಮ್ಮ ಪ್ರಶ್ನೆ ಇದು: ಮಂಗಳೂರಿನ ಬೈಕಂಪಾಡಿಯ ಒಂದು ಕಂಪನಿಯಲ್ಲಿ ಎಚ್‌ಆರ್ ಆಗಿದ್ದೀರಿ. ಸಿಬ್ಬಂದಿಯ ಗ್ರೂಪ್ ಆರೋಗ್ಯ ವಿಮೆ ರಿನೀವಲ್‌ಗೆ ಬಂದಿದೆ. ಕೊಟೇಶನ್ ಕೊಟ್ಟವರಲ್ಲಿ ಕೆಲವರು "ನಾವು ಪೇಪರ್‌ಲೆಸ್, ಪ್ರತಿ ಪಾಲಿಸಿಗೆ ಒಂದು ಗಿಡ ನೆಡುತ್ತೇವೆ" ಅನ್ನುತ್ತಿದ್ದಾರೆ. ಈ ಮಾತಿಗೆ ಎಷ್ಟು ಬೆಲೆ ಕೊಡಬೇಕು? ಪರಿಸರದ ಬಗ್ಗೆ ನಿಜವಾದ ಕಾಳಜಿ ಇರುವ ವಿಮಾ ಕಂಪನಿಯನ್ನು ಗುರುತಿಸುವುದು ಹೇಗೆ?

ನಾನು ಮಂಗಳೂರಿನ ಒಂದು ಆಸ್ಪತ್ರೆಯ ಇನ್ಶೂರೆನ್ಸ್ ಡೆಸ್ಕ್‌ನಲ್ಲಿ ತುಂಬ ವರ್ಷ ಕೆಲಸ ಮಾಡಿದವಳು. ಈಗ ಉಡುಪಿಯಲ್ಲಿ ಒಂದು ಬ್ರೋಕರ್ ಆಫೀಸಿನಲ್ಲಿ ಕ್ಲೇಮ್ ನೋಡಿಕೊಳ್ಳುತ್ತೇನೆ. ನೀವು ಇದನ್ನು ಕೇಳಿದ್ದು ನನಗೆ ಖುಷಿ ಆಯಿತು. ರಿನೀವಲ್ ಹೊತ್ತಿಗೆ ಪ್ರೀಮಿಯಂ ಬಿಟ್ಟು ಬೇರೇನನ್ನಾದರೂ ಕೇಳುವವರು ಬಹಳ ಕಡಿಮೆ. ವಿಮಾ ಕಂಪನಿ ತನ್ನ ಆಫೀಸಿನಲ್ಲಿ ಎಷ್ಟು ಕಾಗದ, ಕರೆಂಟ್ ಉಳಿಸುತ್ತದೆ ಅನ್ನುವುದು ನನ್ನ ಪ್ರಕಾರ ಸಣ್ಣ ವಿಷಯ. ಆಸ್ಪತ್ರೆಯಲ್ಲಿ ಅದು ಯಾವುದಕ್ಕೆ ದುಡ್ಡು ಕೊಡುತ್ತದೆ, ಯಾವುದಕ್ಕೆ ಕೊಡುವುದಿಲ್ಲ ಅನ್ನುವುದನ್ನು ನೋಡಬೇಕು.

ಮೊದಲು ಕಾಗದದ ವಿಷಯ ಮುಗಿಸೋಣ. 2024ರ ಏಪ್ರಿಲ್ 1ರಿಂದ ಪಾಲಿಸಿಯನ್ನು ಎಲೆಕ್ಟ್ರಾನಿಕ್ ರೂಪದಲ್ಲಿ ಕೊಡಬೇಕು ಅಂತ ವಿಮಾ ನಿಯಂತ್ರಣ ಪ್ರಾಧಿಕಾರ ಐಆರ್‌ಡಿಎಐ ನಿಯಮ ಮಾಡಿದೆ. ಎಲ್ಲ ಕಂಪನಿಗಳಿಗೂ ಇದು ಒಂದೇ. ಹಾಗಾಗಿ ಪೇಪರ್‌ಲೆಸ್ ಪಾಲಿಸಿ ಯಾರ ವಿಶೇಷವೂ ಅಲ್ಲ. ಕಾಗದ ಜಾಸ್ತಿ ಖರ್ಚಾಗುವುದು ಕ್ಲೇಮ್ ಹೊತ್ತಿಗೆ. ರೋಗಿ ಮೊದಲು ತಾನೇ ದುಡ್ಡು ಕಟ್ಟಿ ಆಮೇಲೆ ಕೇಳುವ ಕ್ಲೇಮ್ ಆದರೆ ಡಿಸ್ಚಾರ್ಜ್ ಸಮ್ಮರಿ, ಮೆಡಿಕಲ್ ಬಿಲ್, ಲ್ಯಾಬ್ ರಿಪೋರ್ಟ್, ಕೇಸ್ ಶೀಟಿನ ಜೆರಾಕ್ಸ್ ಎಲ್ಲ ಸೇರಿ ದಪ್ಪ ಕಟ್ಟೊಂದು ಕೊರಿಯರ್‌ನಲ್ಲಿ ಬೆಂಗಳೂರಿಗೋ ಚೆನ್ನೈಗೋ ಹೋಗುತ್ತದೆ. ಮೂಳೆ ಮುರಿದ ಕೇಸುಗಳಲ್ಲಿ "ಎಕ್ಸ್‌ರೇ ಫಿಲ್ಮ್ ಕಳಿಸಿ" ಅಂತ ವಿಮಾ ಕಂಪನಿಯಿಂದ ಕ್ವೆರಿ ಬರುವುದನ್ನು ಎಷ್ಟೋ ಸಲ ನೋಡಿದ್ದೇನೆ. ಚಿತ್ರ ಆಸ್ಪತ್ರೆಯ ಕಂಪ್ಯೂಟರಿನಲ್ಲಿ ಇರುತ್ತದೆ. ಡಾಕ್ಟರು ಅದನ್ನೇ ನೋಡಿ ಚಿಕಿತ್ಸೆ ಕೊಟ್ಟಿರುತ್ತಾರೆ. ಕ್ಲೇಮ್‌ಗೋಸ್ಕರ ಮಾತ್ರ ಅದನ್ನು ಮತ್ತೆ ಪ್ಲಾಸ್ಟಿಕ್ ಹಾಳೆಯ ಮೇಲೆ ಪ್ರಿಂಟ್ ಹಾಕಬೇಕಾಗುತ್ತದೆ. ಕೊಟೇಶನ್ ಕೊಟ್ಟವರನ್ನು ಕೇಳಿ: ಎಕ್ಸ್‌ರೇ, ಸ್ಕ್ಯಾನ್‌ಗಳ ಡಿಜಿಟಲ್ ಕಾಪಿ ಒಪ್ಪುತ್ತೀರಾ? ಉತ್ತರವನ್ನು ಬರೆಸಿಕೊಳ್ಳಿ.

ಜಗತ್ತಿನ ಹಸಿರುಮನೆ ಅನಿಲದಲ್ಲಿ ಶೇ. 4.4ರಷ್ಟು ಆರೋಗ್ಯ ಕ್ಷೇತ್ರದಿಂದ ಬರುತ್ತದೆ ಅಂತ ಹೆಲ್ತ್ ಕೇರ್ ವಿದೌಟ್ ಹಾರ್ಮ್ ಸಂಸ್ಥೆ 2019ರಲ್ಲಿ ಲೆಕ್ಕ ಹಾಕಿತ್ತು. ಅದರಲ್ಲಿ ಶೇ. 71 ಭಾಗ ಆಸ್ಪತ್ರೆ ಹೊರಗಿನಿಂದ ತರಿಸುವ ಔಷಧ, ಉಪಕರಣ, ಬಳಸಿ ಬಿಸಾಡುವ ಸಾಮಾನು ಇಂಥವುಗಳ ತಯಾರಿ ಮತ್ತು ಸಾಗಾಟಕ್ಕೆ ಸೇರಿದ್ದು. ಈ ಸಾಮಾನಿನ ಬಿಲ್ ಕಟ್ಟುವವರು ಯಾರು? ವಿಮೆ ಇದ್ದವರ ಮಟ್ಟಿಗೆ ವಿಮಾ ಕಂಪನಿ. ಬಿಲ್ ಕಟ್ಟುವವರ ಕೈಯಲ್ಲಿ ಎಷ್ಟು ಅಧಿಕಾರ ಇರುತ್ತದೆ ಅಂತ ನೀವೇ ಯೋಚಿಸಿ.

ಆ ಅಧಿಕಾರ ಈಗ ಬಳಕೆ ಆಗುತ್ತಿರುವುದು ಉಲ್ಟಾ ದಿಕ್ಕಿನಲ್ಲಿ. ನಮ್ಮಲ್ಲಿ ಸಾಮಾನ್ಯ ಪಾಲಿಸಿಗೆ ಕನಿಷ್ಠ 24 ಗಂಟೆ ಅಡ್ಮಿಟ್ ಆಗಿರಬೇಕು ಅನ್ನುವ ಷರತ್ತು ಇದೆ. ಕಣ್ಣಿನ ಪೊರೆ, ಡಯಾಲಿಸಿಸ್, ಕೀಮೋ ಥರದ, ಒಂದೇ ದಿನದಲ್ಲಿ ಮುಗಿಯುವ ಡೇ ಕೇರ್ ಚಿಕಿತ್ಸೆಗಳಿಗೆ ವಿನಾಯಿತಿ ಇದೆ, ನಿಜ. ಆದರೆ ಒಪಿಡಿಯಲ್ಲಿ (ಹೊರರೋಗಿ ವಿಭಾಗದಲ್ಲಿ) ಡಾಕ್ಟರನ್ನು ನೋಡಿ, ರಕ್ತ ಪರೀಕ್ಷೆ ಮಾಡಿಸಿ, ಮಾತ್ರೆ ತಗೊಂಡು ಮನೆಗೆ ಹೋದರೆ ಮೂಲ ಪಾಲಿಸಿಯಿಂದ ಏನೂ ಸಿಗುವುದಿಲ್ಲ.

ನಮ್ಮ ಕರಾವಳಿಯಲ್ಲಿ ಇದರ ಪರಿಣಾಮ ಮಳೆಗಾಲದಲ್ಲಿ ಕಣ್ಣಿಗೆ ಕಾಣುತ್ತದೆ. ಜೂನ್ ಶುರುವಾದರೆ ಮಲೇರಿಯಾ, ಡೆಂಗಿ, ಇಲಿಜ್ವರ. ವೈವಾಕ್ಸ್ ಅನ್ನುವ ಬಗೆಯ ಮಲೇರಿಯಾದಲ್ಲಿ ಹೆಚ್ಚಿನವರಿಗೆ 3 ದಿನ ಕ್ಲೋರೋಕ್ವಿನ್, 14 ದಿನ ಪ್ರಿಮಾಕ್ವಿನ್ ಮಾತ್ರೆ ಸಾಕಾಗುತ್ತದೆ. ಅಪಾಯದ ಲಕ್ಷಣ ಇಲ್ಲದ ಡೆಂಗಿ ರೋಗಿ ಮನೆಯಲ್ಲೇ ಇದ್ದು, ಚೆನ್ನಾಗಿ ನೀರು, ಗಂಜಿ ಕುಡಿದು, ದಿನಾ ಬಂದು ತೋರಿಸಿಕೊಂಡು ಹೋಗಬಹುದು. ವಿಶ್ವ ಆರೋಗ್ಯ ಸಂಸ್ಥೆಯ 2009ರ ಮಾರ್ಗಸೂಚಿ ಇದನ್ನು ಒಪ್ಪುತ್ತದೆ. ಆದರೆ ದಿನಾ ಪ್ಲೇಟ್‌ಲೆಟ್ ಪರೀಕ್ಷೆ, ಕನ್ಸಲ್ಟೇಷನ್, ರಿಕ್ಷಾ ಬಾಡಿಗೆ ಎಲ್ಲ ಕೈಯಿಂದ ಹೋಗುತ್ತದೆ. ಆಗ ಮನೆಯವರು ಡೆಸ್ಕಿಗೆ ಬಂದು ಕೇಳುತ್ತಾರೆ: "ಮೇಡಂ, ಅಡ್ಮಿಟ್ ಆದ್ರೆ ಮಾತ್ರ ಕ್ಲೇಮ್ ಅಲ್ವಾ? ಹಾಗಾದ್ರೆ ಎರಡು ದಿನ ಅಡ್ಮಿಟ್ ಆಗ್ತೇವೆ." ಅವರನ್ನು ನಾನು ಯಾವತ್ತೂ ತಪ್ಪು ಅಂದವಳಲ್ಲ. ಪ್ರೀಮಿಯಂ ಕಟ್ಟಿದವರಿಗೆ ನಿಯಮ ತೋರಿಸಿದ ದಾರಿ ಅದೊಂದೇ.

ಹಾಗೆ ತುಂಬಿದ ಪ್ರತಿ ಬೆಡ್‌ಗೂ ಎಸಿ ಓಡುತ್ತದೆ. ಡ್ರಿಪ್ ಸೆಟ್, ಕ್ಯಾನುಲಾ, ಸಿರಿಂಜ್, ಗ್ಲೌಸ್, ಊಟದ ಪ್ಯಾಕೆಟ್, ನೀರಿನ ಬಾಟ್ಲಿ ಖರ್ಚಾಗುತ್ತದೆ. ನಮ್ಮ ಮಳೆಯಲ್ಲಿ ಬೆಡ್‌ಶೀಟ್ ಬಿಸಿಲಿಗೆ ಒಣಗುವ ಮಾತೇ ಇಲ್ಲ, ಎಲ್ಲ ಡ್ರೈಯರ್‌ನಲ್ಲಿ ಒಣಗಬೇಕು. ಆಸ್ಪತ್ರೆಯ ಕಸದಲ್ಲಿ ಸುಮಾರು ಶೇ. 85 ಅಪಾಯ ಇಲ್ಲದ ಮಾಮೂಲಿ ಕಸ ಅಂತ ವಿಶ್ವ ಆರೋಗ್ಯ ಸಂಸ್ಥೆ ಹೇಳುತ್ತದೆ. ಅಪಾಯದ ಕಸ ಹಾಕುವ ಹಳದಿ, ಕೆಂಪು ಚೀಲಕ್ಕೆ ಬಿದ್ದದ್ದಕ್ಕೆ 2016ರ ಬಯೋಮೆಡಿಕಲ್ ತ್ಯಾಜ್ಯ ನಿಯಮ ಇದೆ. ಉಳಿದದ್ದು ಊರಿನ ಕಸದ ದಾರಿ ಹಿಡಿಯುತ್ತದೆ. ಮಂಗಳೂರಿನವರಿಗೆ ಆ ದಾರಿ ಎಲ್ಲಿಗೆ ಹೋಗುತ್ತದೆ ಅಂತ ಹೇಳಬೇಕಾಗಿಲ್ಲ. 2019ರ ಆಗಸ್ಟ್‌ನಲ್ಲಿ ಪಚ್ಚನಾಡಿಯ ಕಸದ ಗುಡ್ಡ ಜರಿದು ಪಕ್ಕದ ಮಂದಾರ ಪ್ರದೇಶದ ಮನೆ, ಅಡಿಕೆ ತೋಟಗಳ ಮೇಲೆ ಬಂದಿತ್ತು. ಒಂದು ಅನಗತ್ಯ ಅಡ್ಮಿಷನ್ ತಪ್ಪಿದರೆ ಅಷ್ಟು ಕಸ ಹುಟ್ಟುವುದೇ ಇಲ್ಲ.

ಅಡ್ಮಿಟ್ ಆಗಲೇಬೇಕಾದವರು ಆಗಬೇಕು, ಅದನ್ನು ಡಾಕ್ಟರೇ ತೀರ್ಮಾನಿಸಬೇಕು. ಇದರಲ್ಲಿ ಎರಡು ಮಾತಿಲ್ಲ. ನಾನು ಹೇಳುವುದು ಪಾಲಿಸಿಯ ಷರತ್ತಿಗೋಸ್ಕರ ಆಗುವ ಅಡ್ಮಿಷನ್ ಬಗ್ಗೆ. ಒಪಿಡಿಗೂ ಆಸರೆ ಬೇಕು ಅನ್ನುವುದು ನಮ್ಮ ಜನರಿಗೆ ಗೊತ್ತಿಲ್ಲದ ವಿಷಯ ಅಲ್ಲ. ಮಣಿಪಾಲದ ಆರೋಗ್ಯ ಕಾರ್ಡನ್ನೇ ನೋಡಿ. ಅದು ವಿಮೆ ಅಲ್ಲ, ರಿಯಾಯಿತಿ ಕಾರ್ಡ್. ಆದರೂ ಉಡುಪಿ ಕಡೆ ಎಷ್ಟೋ ಮನೆಯವರು ಅದನ್ನು ಮಾಡಿಸುವುದು ಕನ್ಸಲ್ಟೇಷನ್, ಲ್ಯಾಬ್ ಖರ್ಚು ಕಡಿಮೆ ಆಗಲಿ ಅಂತ.

ಮಲೇರಿಯಾ ಬಗ್ಗೆ ಇನ್ನೊಂದು ಮಾತು. 1990ರ ದಶಕದಿಂದ ಮಂಗಳೂರಿನಲ್ಲಿ ಕಟ್ಟಡ ಕೆಲಸ ಜಾಸ್ತಿ ಆದ ಹಾಗೆ ಮಲೇರಿಯಾವೂ ಜಾಸ್ತಿ ಆಯಿತು. ಅರ್ಧ ಕಟ್ಟಿದ ಬಿಲ್ಡಿಂಗ್‌ನಲ್ಲಿ ನಿಂತ ನೀರು, ಮುಚ್ಚಳ ಇಲ್ಲದ ಟ್ಯಾಂಕ್, ಬಳಸದ ಬಾವಿ, ಅಲ್ಲೆಲ್ಲ ಸೊಳ್ಳೆ. 2015ರಿಂದ ಪ್ರತಿ ಕೇಸನ್ನೂ ಟ್ಯಾಬ್ಲೆಟ್ ಕಂಪ್ಯೂಟರ್‌ನಲ್ಲಿ ದಾಖಲಿಸಿ, ಕಾರ್ಯಕರ್ತರು ಆ ಮನೆಗೇ ಹೋಗಿ, ಸುತ್ತಲಿನ ಸೊಳ್ಳೆ ಮೂಲ ಹುಡುಕಿ ನಾಶ ಮಾಡುವ ವ್ಯವಸ್ಥೆ ಬಂತು. ಕೇಸುಗಳು ಬಹಳ ಇಳಿದವು. ವಿಮಾ ಕಂಪನಿಗಳಿಗೆ ಇದರಿಂದ ಎಷ್ಟೋ ಕ್ಲೇಮ್ ಉಳಿಯಿತು, ಆದರೆ ಕೆಲಸ ಮಾಡಿದವರು ಪಾಲಿಕೆ, ಆರೋಗ್ಯ ಇಲಾಖೆ, ಮನೆ ಮನೆ ಸುತ್ತಿದ ಆ ಕಾರ್ಯಕರ್ತರು. ವೆಲ್‌ನೆಸ್ ಅಂತ ಹೇಳಿ ಆ್ಯಪ್‌ನಲ್ಲಿ ಹೆಜ್ಜೆ ಎಣಿಸಿ ಪಾಯಿಂಟ್ ಕೊಡುವ ಕಂಪನಿ, ಅದೇ ದುಡ್ಡಿನಲ್ಲಿ ನಿಮ್ಮ ಫ್ಯಾಕ್ಟರಿಯ ಸುತ್ತಲಿನ ಟ್ಯಾಂಕ್, ಚರಂಡಿ, ಕಾರ್ಮಿಕರ ಶೆಡ್ ನೋಡಿಕೊಂಡರೆ ಬೈಕಂಪಾಡಿಯಲ್ಲಿ ಜ್ವರ ಕಡಿಮೆ ಆಗುತ್ತದೆ. ಇದನ್ನು ಖಂಡಿತ ಕೇಳಿ.

ಇನ್ನು ಅಡ್ಮಿಟ್ ಆದ ಮೇಲೆ ಒಳಗೆ ಏನಾಗುತ್ತದೆ? ಕಣ್ಣಿನ ಪೊರೆಯ ಆಪರೇಷನ್ ಒಳ್ಳೆಯ ಉದಾಹರಣೆ. ತಮಿಳುನಾಡಿನ ಅರವಿಂದ್ ಕಣ್ಣಿನ ಆಸ್ಪತ್ರೆಯಲ್ಲಿ ಒಂದು ಫೇಕೋ (ಯಂತ್ರದಿಂದ ಪೊರೆ ತೆಗೆಯುವ) ಆಪರೇಷನ್‌ಗೆ ಸುಮಾರು 6 ಕೆ.ಜಿ. ಕಾರ್ಬನ್ ಡೈಆಕ್ಸೈಡ್‌ಗೆ ಸಮನಾದ ಅನಿಲ ಹೊರಬರುತ್ತದೆ, ಕಸ ಕಾಲು ಕೆ.ಜಿ. ಅಂತ 2017ರಲ್ಲಿ ಪ್ರಕಟವಾದ ಅಧ್ಯಯನ ತೋರಿಸಿತು. ಬ್ರಿಟನ್ನಿನಲ್ಲಿ ಅದೇ ಆಪರೇಷನ್‌ಗೆ ಆಗುವ ಅನಿಲಕ್ಕೆ ಹೋಲಿಸಿದರೆ ಇದು ಸುಮಾರು ಇಪ್ಪತ್ತರಲ್ಲಿ ಒಂದು ಪಾಲು. ಫಲಿತಾಂಶದಲ್ಲಿ ಅರವಿಂದ್ ಏನೂ ಹಿಂದೆ ಇಲ್ಲ. ಅಲ್ಲಿ ಉಪಕರಣಗಳನ್ನು ಚೆನ್ನಾಗಿ ಸ್ಟೆರಿಲೈಸ್ ಮಾಡಿ ಮತ್ತೆ ಬಳಸುತ್ತಾರೆ, ಒಂದು ಆಪರೇಷನ್ ಮುಗಿದ ಕೂಡಲೇ ಇನ್ನೊಂದಕ್ಕೆ ಸಿದ್ಧ ಇರುತ್ತಾರೆ. ಸುಮ್ನೆ ಬಿಸಾಡುವುದು ಕಡಿಮೆ.

ನಮ್ಮ ಕ್ಲೇಮ್ ಪದ್ಧತಿಯಲ್ಲಿ ಇದಕ್ಕೆ ಜಾಗವೇ ಇಲ್ಲ. ಲೆನ್ಸ್‌ನ ಸ್ಟಿಕ್ಕರ್ ಕೇಳುತ್ತಾರೆ, ಇನ್‌ವಾಯ್ಸ್ ಕೇಳುತ್ತಾರೆ. ಉಪಕರಣ ಮರುಬಳಕೆ ಮಾಡಿ ಕಸ ಕಡಿಮೆ ಮಾಡಿದ ಆಸ್ಪತ್ರೆಗೆ ಒಂದು ರೂಪಾಯಿ ಜಾಸ್ತಿ ಇಲ್ಲ. ಕನ್ಸ್ಯೂಮೆಬಲ್ಸ್ ಅಂತ ಗ್ಲೌಸ್, ಮಾಸ್ಕ್ ದುಡ್ಡನ್ನು ಬಿಲ್‌ನಿಂದ ಕಡಿಯುತ್ತಾರೆ. ಕಡಿದರೆ ಬಳಕೆ ಕಡಿಮೆ ಆಗುತ್ತದಾ? ಇಲ್ಲ, ರೋಗಿ ಕೈಯಿಂದ ಕಟ್ಟುತ್ತಾನೆ, ಅಷ್ಟೇ. ಬೇಕಾದ ಕಡೆ ಪೂರ್ತಿ ದುಡ್ಡು ಕೊಡುತ್ತೇವೆ, ಬೇಡದ ಕಡೆ ಬಳಸಬೇಡಿ ಅಂತ ಆಸ್ಪತ್ರೆಯ ಜೊತೆ ಕೂತು ಮಾತಾಡುವವರೇ ಇಲ್ಲ. ನನಗೆ ತುಂಬ ಬೇಸರ ತರಿಸುವ ವಿಷಯ ಇದು.

ನೀರಿನದ್ದೂ ಇದೇ ಕಥೆ. ಡಯಾಲಿಸಿಸ್ ಯಂತ್ರದಲ್ಲಿ ನಿಮಿಷಕ್ಕೆ ಸಾಮಾನ್ಯವಾಗಿ 500 ಮಿಲಿಲೀಟರ್ ದ್ರವ ಹರಿಯುತ್ತದೆ. 4 ಗಂಟೆಗೆ 120 ಲೀಟರ್ ಆಯಿತು. ಆ ನೀರನ್ನು ಶುದ್ಧ ಮಾಡುವಾಗ ಆರ್‌ಒ ಯಂತ್ರ ಹೊರಗೆ ಬಿಡುವ ನೀರು ಬೇರೆ. ಹೆಚ್ಚಿನ ರೋಗಿಗಳಿಗೆ ವಾರಕ್ಕೆ 2 ಅಥವಾ 3 ಸಲ ಡಯಾಲಿಸಿಸ್ ಬೇಕು. 2019 ಮತ್ತು 2023ರ ಬೇಸಿಗೆಯಲ್ಲಿ ತುಂಬೆ ಅಣೆಕಟ್ಟಿನಲ್ಲಿ ನೀರು ಇಳಿದು ಮಂಗಳೂರಿಗೆ ರೇಷನ್ ಲೆಕ್ಕದಲ್ಲಿ ನೀರು ಬಿಟ್ಟದ್ದು ನಿಮಗೆ ನೆನಪಿರಬಹುದು. ಆರ್‌ಒ ಹೊರಗೆ ಬಿಡುವ ನೀರು ರೋಗಿಯನ್ನು ಮುಟ್ಟಿರುವುದೇ ಇಲ್ಲ. ಅದನ್ನು ಶೌಚಾಲಯಕ್ಕೆ, ನೆಲ ಒರೆಸಲು, ಗಾರ್ಡನ್‌ಗೆ ತಿರುಗಿಸಬಹುದು. ಒಂದು ಪೈಪ್, ಒಂದು ಟ್ಯಾಂಕ್‌ನ ಕೆಲಸ. ನೆಟ್‌ವರ್ಕ್‌ಗೆ, ಅಂದರೆ ತನ್ನ ಒಪ್ಪಂದದ ಆಸ್ಪತ್ರೆಗಳ ಪಟ್ಟಿಗೆ, ಸೇರಿಸಿಕೊಳ್ಳುವಾಗ ವಿಮಾ ಕಂಪನಿ ಆಸ್ಪತ್ರೆಯ ರೇಟ್ ಪಟ್ಟಿ, ಬೆಡ್ ಸಂಖ್ಯೆ, ಐಸಿಯು ಎಲ್ಲ ನೋಡುತ್ತದೆ. ನಾನು ಓದಿದ ಒಪ್ಪಂದಗಳಲ್ಲಿ ನೀರು, ಕಸದ ಬಗ್ಗೆ ಒಂದು ಸಾಲೂ ಇರಲಿಲ್ಲ. ಆ ಒಂದು ಸಾಲು ಬರೆದರೆ ನೂರಾರು ಆಸ್ಪತ್ರೆಗಳಿಗೆ ಒಟ್ಟಿಗೆ ಮುಟ್ಟುತ್ತದೆ.

ಕಂಪನಿಯ ಹೇಳಿಕೆಯನ್ನು ಪರೀಕ್ಷೆ ಮಾಡುವುದು ಹೇಗೆ ಅಂತಲೂ ಕೇಳಿದ್ದೀರಿ. ಮಾರುಕಟ್ಟೆ ಮೌಲ್ಯದಲ್ಲಿ ಮೊದಲ 1000 ಲಿಸ್ಟೆಡ್ (ಷೇರುಪೇಟೆಯಲ್ಲಿರುವ) ಕಂಪನಿಗಳು 2022-23ರಿಂದ ಬಿಆರ್‌ಎಸ್‌ಆರ್ ಅನ್ನುವ, ಪರಿಸರ ಮತ್ತು ಸಾಮಾಜಿಕ ಹೊಣೆಯ ವರದಿ ಕೊಡಬೇಕು ಅಂತ ಷೇರುಪೇಟೆ ನಿಯಂತ್ರಕ ಸೆಬಿಯ ನಿಯಮ ಇದೆ. ಸ್ಟಾರ್ ಹೆಲ್ತ್, ಐಸಿಐಸಿಐ ಲೊಂಬಾರ್ಡ್, ನ್ಯೂ ಇಂಡಿಯಾ, ನಿವಾ ಬೂಪಾ ಎಲ್ಲ ಲಿಸ್ಟೆಡ್ ಕಂಪನಿಗಳೇ. ವರದಿ ತೆಗೆದು ನೋಡುವಾಗ ಒಂದು ನೆನಪಿಡಿ. ಆಫೀಸಿನ ಕರೆಂಟ್, ಜನರೇಟರ್ ಡೀಸೆಲ್‌ನಿಂದ ಬರುವ ಅನಿಲ ಸ್ಕೋಪ್ 1, ಸ್ಕೋಪ್ 2ರಲ್ಲಿ ಬರುತ್ತದೆ, ಅದನ್ನು ಹೇಳಲೇಬೇಕು. ಹೊರಗಿನವರ ಮೂಲಕ ಆಗುವ ಸ್ಕೋಪ್ 3 ಆ ನಮೂನೆಯಲ್ಲಿ ಐಚ್ಛಿಕ ಭಾಗದಲ್ಲಿದೆ. ಹಾಗಾಗಿ ವರದಿಯ ಅಂಕಿ ಚೆಂದ ಕಂಡರೂ, ಕಂಪನಿ ದುಡ್ಡು ಕೊಟ್ಟ ಚಿಕಿತ್ಸೆಯ ಭಾರ ಅದರಲ್ಲಿ ಇರಲೇಬೇಕು ಅಂತಿಲ್ಲ. ನಿಮ್ಮ ಪ್ರೀಮಿಯಂ ದುಡ್ಡನ್ನು ಎಲ್ಲಿ ಹೂಡುತ್ತಾರೆ ಅಂತಲೂ ಕೇಳಿ. ಕೇಂದ್ರ ಸರ್ಕಾರ 2023ರ ಜನವರಿಯಿಂದ ಪರಿಸರದ ಯೋಜನೆಗಳಿಗೆ ಸಾಲ ಎತ್ತುವ ಹಸಿರು ಬಾಂಡ್ ತರುತ್ತಿದೆ. ಅದರಲ್ಲಿ ಎಷ್ಟು, ಕಲ್ಲಿದ್ದಲಿನ ಕಂಪನಿಗಳಲ್ಲಿ ಎಷ್ಟು? ಉಡುಪಿ ಜಿಲ್ಲೆಯ ಎಲ್ಲೂರಿನ, ಕಲ್ಲಿದ್ದಲು ಸುಡುವ ಉಷ್ಣ ವಿದ್ಯುತ್ ಸ್ಥಾವರದ ಹಾರುಬೂದಿ ಬಗ್ಗೆ ಅಲ್ಲಿಯ ಜನ ಎಷ್ಟು ವರ್ಷದಿಂದ ಮಾತಾಡುತ್ತಿದ್ದಾರೆ ಅಂತ ಉಡುಪಿಯವರಿಗೆಲ್ಲ ಗೊತ್ತು. ಉಸಿರಾಟದ ಕಾಯಿಲೆಯ ಕ್ಲೇಮ್ ಕಟ್ಟುವ ಕಂಪನಿ ಹೊಗೆಯಲ್ಲಿ ದುಡ್ಡು ಹೂಡುವುದು ಸರಿಯಲ್ಲ ಅನ್ನುವುದು ನನ್ನ ಗಟ್ಟಿ ಅಭಿಪ್ರಾಯ.

ಗಿಡ ನೆಡುವುದು ಒಳ್ಳೆಯದೇ, ಬೇಡ ಅನ್ನಬೇಡಿ. ಆದರೆ ಅದಕ್ಕೋಸ್ಕರ ಒಂದು ಕಂಪನಿಯನ್ನು ಆರಿಸಬೇಡಿ.

ನಿಮ್ಮ ಕೈಯಲ್ಲಿ ಗ್ರೂಪ್ ಪಾಲಿಸಿ ಇರುವುದು ದೊಡ್ಡ ಅನುಕೂಲ. ಒಬ್ಬೊಬ್ಬರೇ ಹೋಗಿ ಪಾಲಿಸಿ ತಗೊಂಡರೆ ಷರತ್ತು ಬದಲಾಯಿಸಲು ಆಗುವುದಿಲ್ಲ. ಗ್ರೂಪ್‌ನಲ್ಲಿ ಚೌಕಾಸಿ ಮಾಡಬಹುದು. ಬ್ರೋಕರ್‌ಗೆ ಹೇಳಿ ಒಪಿಡಿ ಕವರ್‌ಗೆ ಪ್ರತ್ಯೇಕ ರೇಟ್ ತರಿಸಿ. ಎಲ್ಲದಕ್ಕೂ ಕೊಡಲು ಆಗದಿದ್ದರೆ ಜ್ವರದ ಪರೀಕ್ಷೆ ಮತ್ತು ಕನ್ಸಲ್ಟೇಷನ್‌ಗೆ ಮಾತ್ರ ಕೇಳಿ, ಪ್ರೀಮಿಯಂ ಅಷ್ಟೊಂದು ಏರುವುದಿಲ್ಲ. ಟೆಲಿಮೆಡಿಸಿನ್ ಸೇರಿಸಿ. ಸುರತ್ಕಲ್, ಮೂಲ್ಕಿಯಿಂದ ಬರುವ ನಿಮ್ಮ ಸಿಬ್ಬಂದಿ ರಿಪೋರ್ಟ್ ತೋರಿಸಲಿಕ್ಕೆ ಅಂತ ಹಂಪನಕಟ್ಟೆಗೆ ಬಸ್ ಹತ್ತುವುದು ತಪ್ಪುತ್ತದೆ. ಕಳೆದ ಮೂರು ವರ್ಷದ ಕ್ಲೇಮ್ ಪಟ್ಟಿ ತರಿಸಿ, ಅದರಲ್ಲಿ ಒಂದೆರಡು ದಿನದ ಜ್ವರದ ಅಡ್ಮಿಷನ್ ಎಷ್ಟು ಅಂತ ಎಣಿಸಿ. ಆ ಲೆಕ್ಕ ಇಟ್ಟುಕೊಂಡು ಮಾತಿಗೆ ಕೂತರೆ ಒಪಿಡಿ ರೇಟ್ ಇಳಿಸಲು ನಿಮಗೆ ಗಟ್ಟಿ ಆಧಾರ ಸಿಗುತ್ತದೆ. ಸೊಳ್ಳೆ ನಿಯಂತ್ರಣದ ಖರ್ಚನ್ನು ವೆಲ್‌ನೆಸ್ ಭಾಗದಲ್ಲಿ ಸೇರಿಸಲು ಒತ್ತಾಯ ಮಾಡಿ.

ಕೊಟೇಶನ್ ಬಂದ ಮೇಲೆ ಕಂಪನಿಗಳ ಹೆಸರು ತೆಗೆದು ಷರತ್ತು, ರೇಟ್ ಮಾತ್ರ ಇಲ್ಲಿ ಹಾಕಿ. ನೋಡಿ ಹೇಳುತ್ತೇನೆ.