ಬ್ನೇ ಬ್ರಾಕ್‌ನ ಮನೆಗೆ ಕೆಲಸಕ್ಕೆ ಬರುವ ತಂಗಿಗೆ

ಬ್ನೇ ಬ್ರಾಕ್‌ನಲ್ಲಿ ಅಜ್ಜಿಯೊಬ್ಬರನ್ನು ನೋಡಿಕೊಳ್ಳುವ ಕೆಲಸ ಸಿಕ್ಕಿದೆ, ಮನೆಯವರು ತುಂಬಾ ಮಡಿವಂತರು ಎಂದು ಏಜೆಂಟ್ ಹೆದರಿಸಿದ್ದಾರೆ ಎಂದು ಬರೆದಿದ್ದೀಯ. "ಅಕ್ಕ, ಇಸ್ರೇಲಿನಲ್ಲಿ ಎಲ್ಲ ಧರ್ಮದ ಕಾನೂನಿನ ಪ್ರಕಾರವೇ ನಡೆಯುವುದಂತೆ, ಹೌದಾ? ಚರ್ಚಿಗೆ ಹೋಗುವ ನನಗೆ ಕಷ್ಟ ಆಗುತ್ತಾ?" ಅಂತ ಕೇಳಿದ್ದೀಯ. ಧರ್ಮದ ವಿಷಯದಲ್ಲಿ ಕಷ್ಟ ಇಲ್ಲ. ಅಡುಗೆಮನೆಯಲ್ಲಿ ಮಾತ್ರ ಮೊದಲ ಕೆಲವು ವಾರ ತಲೆ ಕೆಡುತ್ತದೆ.

ನೀನು ಏನು ನಂಬುತ್ತೀಯ ಎಂದು ಅವರಿಗೆ ಬೇಕಾಗಿಲ್ಲ. ಹಲಾಖಾ, ಅಂದರೆ ಯಹೂದಿಗಳ ಧರ್ಮದ ಕಟ್ಟಳೆ, ಯಹೂದಿಗಳಿಗೆ ಮಾತ್ರ. ನಿನ್ನನ್ನು ತಮ್ಮ ಮತಕ್ಕೆ ಸೇರಿಸಿಕೊಳ್ಳುವ ಆಸೆಯೂ ಅವರಿಗಿಲ್ಲ. ತಾವಾಗಿಯೇ ಸೇರುತ್ತೇವೆ ಎಂದು ಬಂದವರನ್ನೂ ಬೇಗ ಒಪ್ಪುವವರಲ್ಲ. ಆದರೆ ಮನೆ ಅವರದು, ಒಲೆ ಅವರದು. ಅಲ್ಲಿ ಅವರು ಹೇಳಿದಂತೆ.

ಮರಿಯನ್ನು ಅದರ ತಾಯಿಯ ಹಾಲಿನಲ್ಲಿ ಬೇಯಿಸಬೇಡ ಎಂಬ ಒಂದೇ ಮಾತು ಅವರ ಧರ್ಮಗ್ರಂಥ ತೋರಾದಲ್ಲಿ 3 ಸಲ ಬರುತ್ತದೆ. ಅಷ್ಟರಿಂದ ಎಷ್ಟು ಬೆಳೆದಿದೆ ನೋಡು. ಮಾಂಸಕ್ಕೆ ಬೇರೆ ಪಾತ್ರೆ, ಹಾಲಿಗೆ ಬೇರೆ. ಸಿಂಕ್ ಎರಡು, ತೊಳೆಯುವ ಸ್ಪಂಜೂ ಎರಡು. ಮಧ್ಯಾಹ್ನ ಕೋಳಿ ತಿಂದ ಅಜ್ಜಿಗೆ ಸಂಜೆ ಹಾಲಿನ ಕಾಫಿ ಕೊಡುವ ಹಾಗಿಲ್ಲ, ಹೆಚ್ಚಿನವರು 6 ಗಂಟೆ ಕಾಯುತ್ತಾರೆ. ಮೊಟ್ಟೆಯನ್ನು ಸೀದಾ ಬಾಣಲೆಗೆ ಒಡೆಯಬೇಡ. ಮೊದಲು ಗಾಜಿನ ಲೋಟಕ್ಕೆ ಒಡೆದು ನೋಡು, ರಕ್ತದ ಚುಕ್ಕೆ ಕಂಡರೆ ಎಸೆಯಬೇಕು. ಸೊಪ್ಪನ್ನು ಬೆಳಕಿಗೆ ಹಿಡಿದು ಹುಳ ಹುಡುಕಬೇಕು. ಮತ್ತೆ, ಗ್ಯಾಸ್ ನೀನು ಹಚ್ಚುವಂತಿಲ್ಲ. ಯಹೂದಿ ಅಲ್ಲದವರು ಪೂರ್ತಿ ತಾವೇ ಬೇಯಿಸಿದ ಅಡುಗೆ ಅವರಿಗೆ ಆಗುವುದಿಲ್ಲ. ಅಜ್ಜಿಯ ಗಾಲಿಕುರ್ಚಿಯನ್ನು ಒಲೆಯ ಹತ್ತಿರ ತಳ್ಳಿಕೊಂಡು ಹೋಗು, ಅವರು ಗುಂಡಿ ತಿರುಗಿಸಿ ಉರಿ ಹಚ್ಚುತ್ತಾರೆ, ಆಮೇಲೆ ಕೆಲಸ ನಿನ್ನದು. ಕೆಲವು ಮನೆಗಳಲ್ಲಿ ಪಾತ್ರೆಯನ್ನೂ ಅವರೇ ಒಲೆಯ ಮೇಲೆ ಇಡಬೇಕು. ತೆರೆದ ವೈನ್ ಬಾಟಲಿಯನ್ನೂ ಮುಟ್ಟಬೇಡ, ಮುಟ್ಟಿದರೆ ಅವರು ಕುಡಿಯದೇ ಇರಬಹುದು.

ಊರಿನಲ್ಲಿ ಮಡಿ-ಮೈಲಿಗೆ ಕಂಡು ಬೆಳೆದವರಿಗೆ ಇದು ಚುಚ್ಚುತ್ತದೆ. ನಾನು ಒಗ್ಗಿಕೊಂಡಿದ್ದೇನೆ, ಆದರೆ ವೈನಿನ ಕಟ್ಟಳೆ ನನಗೆ ಇವತ್ತಿಗೂ ಹಿಡಿಸುವುದಿಲ್ಲ. ನಾನು ನೋಡಿಕೊಳ್ಳುವ ಅಜ್ಜಿ ನನ್ನ ಪಕ್ಕದಲ್ಲೇ ಕೂತು ಊಟ ಮಾಡುತ್ತಾರೆ, ನಾನು ತಿನ್ನದೆ ಎದ್ದರೆ ಬೈಯುತ್ತಾರೆ ಎನ್ನುವುದೂ ನಿಜ.

ಶಬ್ಬಾತ್, ಅಂದರೆ ಅವರ ವಾರದ ವಿಶ್ರಾಂತಿಯ ದಿನ, ಶುಕ್ರವಾರ ಸೂರ್ಯ ಮುಳುಗುವ ಮೊದಲೇ ಶುರು, ಶನಿವಾರ ಕತ್ತಲಾಗುವ ತನಕ. ಬೆಂಕಿ ಹಚ್ಚುವುದು, ಬರೆಯುವುದು, ಕಾಗದ ಹರಿಯುವುದು ಹೀಗೆ 39 ಬಗೆಯ ಕೆಲಸ ನಿಷಿದ್ಧ. ಹಾಗಾಗಿ ಶುಕ್ರವಾರ ಮಧ್ಯಾಹ್ನ ಓಡಾಟ ಜಾಸ್ತಿ. ಪ್ಲಾತಾ, ಅಂದರೆ ಊಟ ಬಿಸಿಯಾಗಿಡುವ ತಟ್ಟೆ, ಮೊದಲೇ ಆನ್ ಆಗಿರಬೇಕು. ಫ್ರಿಜ್ಜಿನ ಒಳಗಿನ ಬಲ್ಬ್ ಆರಿಸಬೇಕು. ಟಾಯ್ಲೆಟ್ ಪೇಪರನ್ನೂ ಮೊದಲೇ ಹರಿದಿಡುತ್ತಾರೆ! ನಿನ್ನ ಕೋಣೆಯ ದೀಪ ನೀನು ಹಾಕಿಕೊಳ್ಳಬಹುದು. ಆದರೆ "ದೀಪ ಹಾಕು" ಎಂದು ಅವರು ನೇರವಾಗಿ ಹೇಳುವುದಿಲ್ಲ. "ಇಲ್ಲಿ ಎಷ್ಟು ಕತ್ತಲೆ" ಅಂತ ಸುಮ್ನೆ ಹೇಳಿ ನಿನ್ನ ಮುಖ ನೋಡುತ್ತಾರೆ, ಅರ್ಥ ಮಾಡಿಕೊಳ್ಳಬೇಕು. ಕಾಯಿಲೆಯವರಿಗಾಗಿ ನೇರವಾಗಿ ಕೇಳಲು ಅವಕಾಶ ಇದೆ, ಅಭ್ಯಾಸಬಲದಿಂದ ಕೇಳುವುದಿಲ್ಲ ಅಷ್ಟೇ.

ಇದನ್ನು ಮಾತ್ರ ಮರೆಯಬೇಡ: ಅಜ್ಜಿಗೆ ಎದೆನೋವು ಬಂದರೆ, ಉಸಿರು ಕಟ್ಟಿದರೆ, ಶಬ್ಬಾತ್ ಎಂದು ಒಂದು ನಿಮಿಷವೂ ಕಾಯಬಾರದು. ಆಂಬುಲೆನ್ಸಿಗೆ 101ಕ್ಕೆ ಫೋನ್ ಮಾಡು. ಜೀವ ಉಳಿಸುವುದು ಶಬ್ಬಾತ್‌ಗಿಂತ ದೊಡ್ಡದು ಎಂದು ಹಲಾಖಾವೇ ಹೇಳುತ್ತದೆ. ನೀನು ಮನೆಯಲ್ಲಿ ಇಲ್ಲದಿದ್ದರೆ ಅಜ್ಜಿಯ ಮಗನೇ ಫೋನ್ ಎತ್ತಿಕೊಳ್ಳಬೇಕು, ಯಹೂದಿ ಅಲ್ಲದವರು ಬರಲಿ ಎಂದು ಕೂರುವಂತಿಲ್ಲ.

ಒಬ್ಬೊಬ್ಬರ ಮನೆಯಲ್ಲಿ ಒಂದೊಂದು ರೀತಿ ಯಾಕೆ ಎಂದು ನಿನಗೆ ಅನ್ನಿಸುತ್ತದೆ. ಅವರ ಕಟ್ಟಳೆಗಳ ಹಳೆಯ ಗ್ರಂಥ ತಾಲ್ಮುದ್ ತುಂಬಾ ವಾದವೇ, ಸೋತವರ ವಾದವನ್ನೂ ಬಿಡದೆ ಬರೆದಿಟ್ಟಿದ್ದಾರೆ. ಸಫೇದ್ ಊರಿನ ಯೋಸೆಫ್ ಕಾರೋ ಎಲ್ಲವನ್ನೂ ಅಡಕ ಮಾಡಿ ಬರೆದ ಕಟ್ಟಳೆಯ ಪುಸ್ತಕ ಶುಲ್ಹಾನ್ ಅರೂಖ್ 1565ರಲ್ಲಿ ವೆನಿಸ್‌ನಲ್ಲಿ ಅಚ್ಚಾಯಿತು. ಪೋಲೆಂಡಿನ ಕ್ರಾಕೋವ್‌ನ ಮೋಶೆ ಇಸ್ಸರ್ಲೆಸ್ "ನಮ್ಮ ಕಡೆ ಹಾಗಲ್ಲ" ಎಂದು ಅದಕ್ಕೆ ಟಿಪ್ಪಣಿ ಸೇರಿಸಿದರು. ಇದು ನಿನ್ನ ಊಟದ ತನಕ ಬರುತ್ತದೆ. ಪೆಸಾಖ್ ಹಬ್ಬದ 7 ದಿನ ಬ್ರೆಡ್, ಬಿಸ್ಕತ್ತು ಇಂಥ ಮಡಿವಂತರ ಯಾವ ಮನೆಯೊಳಗೂ ಇಲ್ಲ. ಯುರೋಪ್ ಮೂಲದ ಅಷ್ಕೆನಾಜಿ ಮನೆಯಾದರೆ ಅನ್ನ, ಬೇಳೆ, ಕೊನೆಗೆ ಸಾಸಿವೆಯೂ ಇಲ್ಲ! ಮೊರಾಕೊ, ಇರಾಕ್ ಕಡೆಯವರ ಎಷ್ಟೋ ಮನೆಗಳಲ್ಲಿ ಅನ್ನ ಉಂಟು. ಯಾವ ಕಡೆಯವರು ಎಂದು ಈಗಲೇ ಕೇಳಿಟ್ಟುಕೋ.

ಇನ್ನು ದೇಶದ ವಿಷಯ. ದಿನನಿತ್ಯದ ಕಾನೂನು ಸಂಸತ್ತಿನದು, ಕೋರ್ಟೂ ಸಾಮಾನ್ಯ ಕೋರ್ಟೇ. ಟೆಲ್ ಅವೀವ್‌ಗೆ ಹೋದರೆ ಶನಿವಾರ ಸಮುದ್ರ ತೀರ ತುಂಬಿರುತ್ತದೆ, ಹೋಟೆಲ್ ತೆರೆದಿರುತ್ತವೆ. ಧರ್ಮದ ಹಿಡಿತ ಬಿಗಿ ಇರುವುದು ಮದುವೆ ಮತ್ತು ವಿಚ್ಛೇದನದಲ್ಲಿ. 1953ರ ಕಾನೂನು ಯಹೂದಿಗಳ ಮದುವೆ-ವಿಚ್ಛೇದನವನ್ನು ರಬ್ಬಿಗಳ, ಅಂದರೆ ಅವರ ಧರ್ಮಗುರುಗಳ, ಕೋರ್ಟಿಗೆ ಕೊಟ್ಟಿದೆ. ಮುಸ್ಲಿಮರಿಗೆ ಷರಿಯಾ ಕೋರ್ಟ್, ಕ್ರೈಸ್ತರಿಗೆ ಅವರವರ ಸಭೆಯದು. ತುರ್ಕರ ಕಾಲದಿಂದ ಬಂದ ಏರ್ಪಾಡು. ರಿಜಿಸ್ಟರ್ ಮದುವೆ ಇಲ್ಲದ್ದರಿಂದ ಎಷ್ಟೋ ಜೋಡಿಗಳು ಸೈಪ್ರಸ್‌ಗೆ ಹೋಗಿ ಮದುವೆಯಾಗಿ ಬರುತ್ತಾರೆ, ಅದನ್ನು ಸರಕಾರ ನೋಂದಾಯಿಸುತ್ತದೆ. ಯಹೂದಿಗಳಲ್ಲಿ ವಿಚ್ಛೇದನದ ಪತ್ರ ಗಂಡನೇ ಕೊಡಬೇಕು. ಕೊಡದೆ ಸತಾಯಿಸಿದರೆ ಹೆಂಡತಿ ಮರುಮದುವೆ ಆಗುವಂತಿಲ್ಲ. 1995ರ ಕಾನೂನಿನಿಂದ ಅಂಥವನ ಡ್ರೈವಿಂಗ್ ಲೈಸೆನ್ಸ್, ಬ್ಯಾಂಕ್ ಖಾತೆ ತಡೆಯಬಹುದು, ಜೈಲಿಗೂ ಹಾಕಬಹುದು. ಆದರೂ ಹೆಂಗಸರು ವರ್ಷಗಟ್ಟಲೆ ಅಲೆಯುತ್ತಾರೆ. ನನ್ನನ್ನು ಕೇಳಿದರೆ ಇಲ್ಲಿನ ದೊಡ್ಡ ಅನ್ಯಾಯ ಇದೇ.

ನಮ್ಮ ದೇಶದವರಿಗೂ ಬಿಸಿ ತಟ್ಟಿದ್ದುಂಟು. ಕೊಂಕಣದಿಂದ ಬಂದ ಬೆನೆ ಇಸ್ರೇಲ್ ಯಹೂದಿಗಳು ಬೇರೆ ಯಹೂದಿಗಳನ್ನು ಮದುವೆಯಾಗಬೇಕಾದರೆ ಅವರ ವಂಶ ವಿಚಾರಿಸಬೇಕು ಎಂದು 1960ರ ದಶಕದಲ್ಲಿ ಇಲ್ಲಿನ ರಬ್ಬಿಗಳು ಹೇಳಿದ್ದರು. ಅವರು ಜೆರುಸಲೇಮಿನಲ್ಲಿ ಧರಣಿ ಕೂತರು. ಅವರೂ ಪೂರ್ತಿ ಯಹೂದಿಗಳೇ ಎಂದು 1964ರಲ್ಲಿ ಸಂಸತ್ತು ಹೇಳಬೇಕಾಯಿತು.

ಕೊನೆಗೆ ನಿನ್ನ ರಜೆ. ಇಲ್ಲಿ ಭಾನುವಾರ ಕೆಲಸದ ದಿನ. 1951ರ ಕಾನೂನಿನಂತೆ ಯಹೂದಿ ಅಲ್ಲದವರ ವಾರದ ರಜೆ ಶುಕ್ರವಾರ, ಶನಿವಾರ, ಭಾನುವಾರಗಳಲ್ಲಿ ಅವರಿಗೆ ಒಗ್ಗುವ ದಿನ ಇರಬಹುದು. ಮನೆಯವರಿಗೆ ಶನಿವಾರ ನೀನು ಬೇಕೇ ಬೇಕು, ದೀಪದ ಕಾರಣಕ್ಕೆ. ಬ್ನೇ ಬ್ರಾಕ್‌ನಲ್ಲಿ ಶನಿವಾರ ಬಸ್ಸೂ ಇಲ್ಲ. ಹಾಗಾಗಿ ಭಾನುವಾರ ಕೇಳು, ಒಪ್ಪಂದಕ್ಕೆ ಸಹಿ ಹಾಕುವ ಮೊದಲೇ ಅದನ್ನು ಬರೆಸಿಕೋ. ಚರ್ಚಿಗೆ ಟೆಲ್ ಅವೀವ್‌ಗೆ ಸೇರಿದ ಯಾಫಾಕ್ಕೆ ಬಾ, ನಮ್ಮ ಕಡೆಯವರು ಅಲ್ಲಿ ಸಿಗುತ್ತಾರೆ. ಬರುವಾಗ ಕುಚಲಕ್ಕಿ ಜಾಸ್ತಿ ಹೊತ್ತು ತರಬೇಡ, ಅಕ್ಕಿ ಇಲ್ಲಿ ಸಿಗುತ್ತದೆ.